ಪುದೀನ ಜಜ್ಜಬೇಡಿ: ಮನೆಯಲ್ಲೇ ಮಿಂಟ್ ಜ್ಯೂಲೆಪ್ ಮಾಡುವ ಬಗೆ

ಪುದೀನ ಕಂಡರೆ ನಮ್ಮ ಕೈ ತಾನಾಗೇ ಮಿಕ್ಸಿ ಕಡೆಗೆ ಹೋಗುತ್ತದೆ. ಚಟ್ನಿ, ಪಲಾವ್ ಮಸಾಲೆ, ಪಾನಿಪುರಿಯ ಪಾನಿ, ಎಲ್ಲದಕ್ಕೂ ರುಬ್ಬಿಯೇ ಅಭ್ಯಾಸ. ಮಿಂಟ್ ಜ್ಯೂಲೆಪ್ ಅನ್ನುವ ಅಮೆರಿಕದ ತಣ್ಣನೆಯ ಮದ್ಯ ಪಾನೀಯ ಮಾಡುವಾಗ ಆ ಅಭ್ಯಾಸವನ್ನು ಹತ್ತು ನಿಮಿಷ ಪಕ್ಕಕ್ಕಿಡಬೇಕು. ಇದಕ್ಕೆ ಬೇಕಾಗಿರುವುದು ನಾಲ್ಕೇ ಸಾಮಾನು: ಬರ್ಬನ್ ಅನ್ನುವ ಅಮೆರಿಕದ ವಿಸ್ಕಿ, ಪುದೀನ, ಸಕ್ಕರೆ, ಐಸ್. ನಾಲ್ಕೇ ಇರುವುದರಿಂದ ಒಂದು ಕೆಟ್ಟರೂ ಮುಚ್ಚಿಕೊಳ್ಳಲು ಜಾಗವಿಲ್ಲ.

ನಾನು ಇದನ್ನು ಕಲಿತಿದ್ದು ಅಮೆರಿಕದ ಕೆಂಟಕಿ ರಾಜ್ಯದ ಲೂಯಿವಿಲ್‌ನಲ್ಲಿ. ಕೆಲಸದ ಮೇಲೆ ಮೂರು ವರ್ಷ ಅಲ್ಲಿದ್ದೆವು. ಪಕ್ಕದ ಮನೆಯಲ್ಲಿ ಒಬ್ಬರು ವಯಸ್ಸಾದ ಅಜ್ಜಿ ಇದ್ದರು, ಅವರ ಹಿತ್ತಲು ತುಂಬಾ ಪುದೀನ. ಮೊದಲ ವರ್ಷ, ಊರಿನ ದೊಡ್ಡ ಕುದುರೆ ಓಟವಾದ ಡರ್ಬಿಯ ದಿನ ಅವರಿಗೆ ಒಂದು ಲೋಟ ಜ್ಯೂಲೆಪ್ ಮಾಡಿ ಕೊಟ್ಟೆ. ಪುದೀನವನ್ನು ಚೆನ್ನಾಗಿ ಜಜ್ಜಿದ್ದೆ, ಪಾನೀಯ ಹಸಿರು ಹಸಿರಾಗಿತ್ತು. ಒಂದು ಗುಟುಕು ಕುಡಿದು ಲೋಟ ಕೆಳಗಿಟ್ಟರು. ಏನೂ ಹೇಳದೆ ಹಿತ್ತಲಿಗೆ ಕರೆದುಕೊಂಡು ಹೋಗಿ, ಒಂದು ಎಲೆ ಕಿತ್ತು ನನ್ನ ಅಂಗೈ ಮೇಲಿಟ್ಟರು. "ಬೆರಳಲ್ಲಿ ಸುಮ್ನೆ ಒತ್ತು, ಹಿಂಡಬೇಡ. ಈಗ ಮೂಸಿ ನೋಡು" ಅಂದರು. ಮೂಸಿದೆ. ತಣ್ಣಗೆ, ಸಿಹಿಯಾಗಿ, ಮಳೆ ಬಿದ್ದ ತೋಟದ ಹಾಗಿತ್ತು. ಆಮೇಲೆ ಅದೇ ಎಲೆಯನ್ನು ತಿಕ್ಕಿ ಪುಡಿ ಮಾಡಿಸಿದರು. ಈ ಸಲ ಬಂದಿದ್ದು ಹುಲ್ಲಿನ ವಾಸನೆ, ಹಸಿ ಹಸಿ. ಜ್ಯೂಲೆಪ್‌ನ ಮುಕ್ಕಾಲು ಪಾಠ ನನಗೆ ಅಷ್ಟರಲ್ಲೇ ಸಿಕ್ಕಿತು.

ಕಾರಣ ಎಲೆಯ ಮೈಮೇಲೇ ಇದೆ. ಪುದೀನದ ಪರಿಮಳದ ಎಣ್ಣೆ ಇರುವುದು ಎಲೆಯ ಹೊರಮೈಯ ಸಣ್ಣ ಸಣ್ಣ ಗ್ರಂಥಿಗಳಲ್ಲಿ. ಅವು ಒಡೆಯಲು ಬೆರಳಿನ ಒತ್ತಡ ಸಾಕು. ಅದಕ್ಕಿಂತ ಜಾಸ್ತಿ ಜಜ್ಜಿದರೆ ಎಲೆಯ ಒಳಗಿನ ರಸ ಹೊರಬರುತ್ತದೆ, ಕಹಿ ಅದರಲ್ಲಿದೆ. ಚಟ್ನಿಯಲ್ಲಿ ಹಸಿಮೆಣಸಿನಕಾಯಿ, ಹುಣಸೆಹಣ್ಣು, ಉಪ್ಪು ಸೇರಿ ಆ ಕಹಿಯನ್ನು ಹೊತ್ತುಕೊಳ್ಳುತ್ತವೆ. ಇಲ್ಲಿ ಹೊರುವವರು ಯಾರೂ ಇಲ್ಲ.

ಹೆಸರು, ಊರು, ಕುದುರೆ

ಜ್ಯೂಲೆಪ್ ಅನ್ನುವ ಪದ ನಮಗೆ ದೂರದ್ದೇನಲ್ಲ. ಪರ್ಷಿಯನ್ನಿನ 'ಗುಲಾಬ್', ಅಂದರೆ ಹೂವಿನ ನೀರು, ಅರಬ್ಬಿಯಲ್ಲಿ 'ಜುಲಾಬ್' ಆಗಿ, ಯುರೋಪ್ ಸುತ್ತಿ ಜ್ಯೂಲೆಪ್ ಆಯಿತು. ನಮ್ಮ ಗುಲಾಬಿ ಮತ್ತು ಗುಲ್ಕಂದ್ ಕೂಡ ಅದೇ ಮನೆತನದ ಪದಗಳು. ಯುರೋಪಿನಲ್ಲಿ ಬಹಳ ಕಾಲ ಇದು ಕಹಿ ಔಷಧಿ ನುಂಗಿಸಲು ಕೊಡುವ ಸಿಹಿ ಪಾಕದ ಹೆಸರಾಗಿತ್ತು. ಅಮೆರಿಕದ ವರ್ಜೀನಿಯಾದಲ್ಲಿ ಜನ ಬೆಳಗಿನ ಹೊತ್ತು ಪುದೀನ ಹಾಕಿದ ಮದ್ಯ ಕುಡಿಯುತ್ತಾರೆ ಅಂತ 1803ರಲ್ಲೇ ಲಂಡನ್ನಿನಲ್ಲಿ ಅಚ್ಚಾದ ಪ್ರವಾಸಕಥನವೊಂದರಲ್ಲಿ ಇದೆ. ಆಗಿನ್ನೂ ಬರ್ಬನ್ನೇ ಆಗಬೇಕು ಎಂದಿರಲಿಲ್ಲ. 1862ರಲ್ಲಿ ಅಚ್ಚಾದ ಬಾರ್ ಕೈಪಿಡಿಯೊಂದರ ಮಿಂಟ್ ಜ್ಯೂಲೆಪ್‌ಗೆ ಬೀಳುವುದು ಕೊನ್ಯಾಕ್ ಬ್ರಾಂಡಿ.

ಬರ್ಬನ್ ಜ್ಯೂಲೆಪ್‌ಗೆ ಇವತ್ತು ಹೆಸರಾದ ಊರು ಲೂಯಿವಿಲ್. ಮೇ ತಿಂಗಳ ಮೊದಲ ಶನಿವಾರ ಅಲ್ಲಿನ ಚರ್ಚಿಲ್ ಡೌನ್ಸ್ ಮೈದಾನದಲ್ಲಿ ಕೆಂಟಕಿ ಡರ್ಬಿ ಕುದುರೆ ಓಟ. 1875ರಲ್ಲಿ ಶುರುವಾಯಿತು. ಎರಡು ಕಿಲೋಮೀಟರ್ ಓಟ, ಎರಡು ನಿಮಿಷದಲ್ಲಿ ಮುಗಿದೇ ಹೋಗುತ್ತದೆ. 1973ರಲ್ಲಿ ಸೆಕ್ರೆಟೇರಿಯಟ್ ಅನ್ನುವ ಕುದುರೆ ಎರಡು ನಿಮಿಷದ ಒಳಗೇ ಮುಗಿಸಿದ ದಾಖಲೆ ಇನ್ನೂ ಅಲುಗಾಡಿಲ್ಲ. 1930ರ ದಶಕದ ಕೊನೆಯಿಂದ ಮಿಂಟ್ ಜ್ಯೂಲೆಪ್ ಆ ಓಟದ ಅಧಿಕೃತ ಪಾನೀಯ. ಡರ್ಬಿ ಮತ್ತು ಅದರ ಹಿಂದಿನ ದಿನದ ಓಟ ಸೇರಿ ಎರಡು ದಿನಗಳಲ್ಲಿ ಸುಮಾರು 1,20,000 ಲೋಟ ಖರ್ಚಾಗುತ್ತದೆ ಅಂತ ಅಲ್ಲಿಯವರೇ ಲೆಕ್ಕ ಕೊಡುತ್ತಾರೆ. ಅಷ್ಟು ಜನಕ್ಕೆ ಒಂದೊಂದಾಗಿ ಮಾಡಿಕೊಡಲು ಆಗುವುದಿಲ್ಲ. ಅಲ್ಲಿ ಹೆಚ್ಚಾಗಿ ಸಿಗುವುದು ಬಾಟಲಿಯಲ್ಲಿ ಮೊದಲೇ ಬೆರೆಸಿಟ್ಟ ಜ್ಯೂಲೆಪ್. ನಾನು ಎರಡನ್ನೂ ಕುಡಿದಿದ್ದೇನೆ. ಮನೆಯಲ್ಲಿ ನಿಧಾನವಾಗಿ ಮಾಡಿದ ಜ್ಯೂಲೆಪ್‌ಗೆ ಅದು ಸಮ ಬರುವುದಿಲ್ಲ.

ಬಾಟಲಿ ಆರಿಸುವಾಗ

ಎಲ್ಲ ವಿಸ್ಕಿಯೂ ಬರ್ಬನ್ ಅಲ್ಲ. ಬರ್ಬನ್ ಅನ್ನಿಸಿಕೊಳ್ಳಬೇಕಾದರೆ ಅಮೆರಿಕದಲ್ಲೇ ತಯಾರಾಗಿರಬೇಕು. ಧಾನ್ಯದಲ್ಲಿ ಕನಿಷ್ಠ 51% ಮೆಕ್ಕೆಜೋಳ ಇರಬೇಕು. ಒಳಮೈ ಸುಟ್ಟು ಕರಿ ಮಾಡಿದ ಹೊಸ ಓಕ್ ಪೀಪಾಯಿಯಲ್ಲಿ ಮಾಗಬೇಕು. ನೀರು ಬಿಟ್ಟು ಬಣ್ಣ, ಪರಿಮಳ ಏನೂ ಸೇರಿಸುವಂತಿಲ್ಲ. ಆ ಸುಟ್ಟ ಓಕ್‌ನಿಂದಲೇ ವೆನಿಲ್ಲಾ, ಕ್ಯಾರಮೆಲ್ ಘಮ ಬರುತ್ತದೆ, ಪುದೀನಕ್ಕೆ ಜೊತೆಯಾಗುವುದು ಅದು. ಪ್ರತಿ ಸಲವೂ ಹೊಸ ಪೀಪಾಯಿ ಬೇಕಾದ್ದರಿಂದ ಹಳೆಯವು ಲೋಕದ ಬೇರೆ ಬೇರೆ ಕಡೆಗೆ ಹೋಗುತ್ತವೆ. ನಮ್ಮ ಬೆಂಗಳೂರಿನ ಅಮೃತ್ ಸಿಂಗಲ್ ಮಾಲ್ಟ್ ಮಾಗುವುದೂ ಬರ್ಬನ್ ಇದ್ದ ಪೀಪಾಯಿಗಳಲ್ಲಿ. ಆದರೆ ಅಮೃತ್ ಬಾರ್ಲಿಯಿಂದ ಮಾಡಿದ್ದು, ಜ್ಯೂಲೆಪ್‌ಗೆ ಹಾಕಬೇಡಿ. ಅದನ್ನು ಹಾಗೇ ಕುಡಿಯಬೇಕು.

ಲೇಬಲ್ ಮೇಲೆ ನೋಡಬೇಕಾದ್ದು ಒಂದೇ, ಆಲ್ಕೋಹಾಲ್ ಪ್ರಮಾಣ. ಲೋಟದ ತುಂಬಾ ಐಸ್ ಇರುತ್ತದೆ, ಅದು ಕರಗುತ್ತಾ ಹೋಗುತ್ತದೆ. 40% ಇದ್ದರೆ ಅರ್ಧ ಲೋಟ ಇಳಿಯುವಷ್ಟರಲ್ಲಿ ಸಪ್ಪೆ. 45%ರಿಂದ 50% ಇದ್ದರೆ ಕೊನೆಯ ಗುಟುಕಿನವರೆಗೂ ರುಚಿ ನಿಲ್ಲುತ್ತದೆ. ಮೇಕರ್ಸ್ ಮಾರ್ಕ್ 45% ಇರುತ್ತದೆ. ಅದರಲ್ಲಿ ರೈ ಅನ್ನುವ ಧಾನ್ಯದ ಬದಲು ಗೋಧಿ ಇರುವುದರಿಂದ ಮೆದು. ವೈಲ್ಡ್ ಟರ್ಕಿ 101 ಅನ್ನುವುದು 50.5%, ಖಾರವಾಗಿರುತ್ತದೆ, ನನಗೆ ಜ್ಯೂಲೆಪ್‌ಗೆ ಅದೇ ಇಷ್ಟ. ಜಿಮ್ ಬೀಮ್ ಬಿಳಿ ಲೇಬಲ್ 40%, ಸಿಕ್ಕಿದ್ದು ಅದೊಂದೇ ಆದರೆ ಒಂದು ಲೋಟಕ್ಕೆ 60ರ ಬದಲು 70 ಮಿ.ಲೀ. ಹಾಕಿ, ಸಕ್ಕರೆ ಪಾಕ ಸ್ವಲ್ಪ ಕಡಿಮೆ ಮಾಡಿ. ಜಾಕ್ ಡೇನಿಯಲ್ಸ್ ಬರ್ಬನ್ ಹೆಸರಿನಲ್ಲಿ ಬರುವುದಿಲ್ಲ. ಮೇಪಲ್ ಇದ್ದಿಲಿನಲ್ಲಿ ಸೋಸಿದ ಟೆನೆಸಿ ವಿಸ್ಕಿ ಅದು. ರುಚಿ ಹತ್ತಿರವೇ, ಮನೆಯಲ್ಲಿ ಅದಿದ್ದರೆ ಅದರಲ್ಲೇ ಮಾಡಿ.

ಭಾರತದಲ್ಲಿ ಬರ್ಬನ್ ಅಗ್ಗವಲ್ಲ. 2025ರ ಫೆಬ್ರವರಿಯಲ್ಲಿ ಸರ್ಕಾರ ಆಮದು ಸುಂಕವನ್ನು 150%ರಿಂದ 100%ಕ್ಕೆ ಇಳಿಸಿತು, ಆದರೂ ಜೇಬಿಗೆ ಭಾರವೇ. ಹಾಗಾಗಿ ಹನ್ನೆರಡು ವರ್ಷ ಮಾಗಿದ ದುಬಾರಿ ಬಾಟಲಿಯನ್ನು ಐಸ್ ಪುಡಿಯಲ್ಲಿ ಮುಳುಗಿಸಬೇಡಿ. ಮಧ್ಯಮ ಬೆಲೆಯದ್ದು ಸಾಕು.

ಪುದೀನ

ಜ್ಯೂಲೆಪ್‌ಗೆ ಬೇಕಾದ್ದು ಸ್ಪಿಯರ್‌ಮಿಂಟ್. ನಮ್ಮ ಮಾರ್ಕೆಟ್ಟಿನಲ್ಲಿ ಕಟ್ಟು ಕಟ್ಟಾಗಿ ಸಿಗುವ ಪುದೀನ ಸಾಮಾನ್ಯವಾಗಿ ಅದೇ. ಇನ್ನೊಂದು ಪೆಪ್ಪರ್‌ಮಿಂಟ್, ಅದರಲ್ಲಿ ಮೆಂಥಾಲ್ ಜಾಸ್ತಿ, ಬಾಯಿಗೆ ಟೂತ್‌ಪೇಸ್ಟಿನ ನೆನಪು ಬರುತ್ತದೆ. ಸ್ಪಿಯರ್‌ಮಿಂಟಿನ ಪರಿಮಳಕ್ಕೆ ಕಾರಣ ಕಾರ್ವೋನ್ ಅನ್ನುವ ಅಂಶ. ನನಗೆ ಬಹಳ ಹಿಡಿಸಿದ ವಿಷಯ ಒಂದಿದೆ: ಅದೇ ಕಾರ್ವೋನ್, ಕನ್ನಡಿಯಲ್ಲಿ ಕಂಡ ಹಾಗೆ ಎಡ ಬಲ ತಿರುಗಿದರೆ, ಸಬ್ಬಸಿಗೆ ಬೀಜದ ಘಮ ಕೊಡುತ್ತದೆ. ನಮ್ಮ ಮೂಗು ಅಷ್ಟು ಸೂಕ್ಷ್ಮ.

ಕಟ್ಟು ತರುವಾಗ ಕುಡಿ ನೋಡಿ ತನ್ನಿ. ಮೇಲಿನ ನಾಲ್ಕಾರು ಎಳೆ ಎಲೆಗಳಿರುವ ಕುಡಿ ನಿಗುರಿಕೊಂಡಿರಬೇಕು. ಕೆಳಗಿನ ದಪ್ಪ ಎಲೆ ಕಹಿ, ಅದನ್ನು ಚಟ್ನಿಗೆ ಎತ್ತಿಡಿ. ಮಣ್ಣು ಹೋಗುವವರೆಗೆ ಎರಡು ಮೂರು ನೀರಲ್ಲಿ ತೊಳೆಯಿರಿ. ಬಾಡಿದ್ದರೆ ದಂಟಿನ ತುದಿ ಕತ್ತರಿಸಿ ಇಪ್ಪತ್ತು ನಿಮಿಷ ಐಸ್ ನೀರಲ್ಲಿ ಮುಳುಗಿಸಿಡಿ, ಮತ್ತೆ ಜೀವ ಬರುತ್ತದೆ. ಒಂದು ಲೋಟಕ್ಕೆ ಎಂಟರಿಂದ ಹತ್ತು ಎಲೆ, ಮೇಲೆ ಸಿಕ್ಕಿಸಲು ಎರಡು ಮೂರು ಒಳ್ಳೆ ಕುಡಿ ಬೇಕು. ಕುಡಿಗಳ ವಿಷಯದಲ್ಲಿ ಜಿಪುಣತನ ಬೇಡ. ಪರಿಮಳದ ದೊಡ್ಡ ಪಾಲು ಅವುಗಳದ್ದೇ.

ಪಾಕ

ಒಂದು ಲೋಟ ಸಕ್ಕರೆಗೆ ಅರ್ಧ ಲೋಟ ನೀರು. ಸಣ್ಣ ಉರಿಯಲ್ಲಿ ಸಕ್ಕರೆ ಕರಗಿದ ತಕ್ಷಣ ಇಳಿಸಿ. ಎಳೆ ಬರಬಾರದು. ಜಾಮೂನಿನ ಪಾಕ ಮಾಡಿದ ಕೈಗೆ ಇದು ಬೇಗ ಆಯಿತು ಅನ್ನಿಸಬಹುದು, ಆದರೆ ಗಟ್ಟಿ ಪಾಕ ಐಸ್ ಮುಟ್ಟಿದರೆ ತಳದಲ್ಲಿ ಅಂಟಿಕೊಂಡು ಕೂರುತ್ತದೆ. ಪೂರ್ತಿ ತಣ್ಣಗಾಗಲಿ. ಫ್ರಿಜ್ಜಿನಲ್ಲಿ ಎರಡು ವಾರ ಇರುತ್ತದೆ. ಬೆಲ್ಲ ಹಾಕಬಹುದಾ? ನಾನು ಹಾಕಿ ನೋಡಿದ್ದೇನೆ. ಬೆಲ್ಲದ ರುಚಿ ಪುದೀನವನ್ನು ಮುಚ್ಚುತ್ತದೆ, ಇದಕ್ಕೆ ಬಿಳಿ ಸಕ್ಕರೆಯೇ ಸರಿ.

ಐಸ್

ಇಲ್ಲಿ ಸ್ವಲ್ಪ ಹೊತ್ತು ನಿಲ್ಲೋಣ. ಜ್ಯೂಲೆಪ್ ದೊಡ್ಡ ಪಾನೀಯವಾಗಿ ಬೆಳೆದಿದ್ದು ಐಸಿನಿಂದಲೇ. ಹತ್ತೊಂಬತ್ತನೇ ಶತಮಾನದಲ್ಲಿ ಬಾಸ್ಟನ್ನಿನ ಫ್ರೆಡ್ರಿಕ್ ಟ್ಯೂಡರ್ ಅನ್ನುವ ವ್ಯಾಪಾರಿ ಚಳಿಗಾಲದಲ್ಲಿ ಹೆಪ್ಪುಗಟ್ಟಿದ ಕೆರೆಗಳಿಂದ ಐಸ್ ಕೊಯ್ಯಿಸಿ, ಮರದ ಹೊಟ್ಟಿನಲ್ಲಿ ಸುತ್ತಿ ಹಡಗಿನಲ್ಲಿ ಬಿಸಿಲ ನಾಡುಗಳಿಗೆ ಕಳಿಸುತ್ತಿದ್ದ. 1833ರಲ್ಲಿ ಅವನ ಐಸ್ ಕಲ್ಕತ್ತಾ ತಲುಪಿತು. ಚೆನ್ನೈನ ಕಡಲ ದಂಡೆಯಲ್ಲಿ ವಿವೇಕಾನಂದರು 1897ರಲ್ಲಿ ತಂಗಿದ್ದ ಕಟ್ಟಡಕ್ಕೆ ಐಸ್ ಹೌಸ್ ಅನ್ನುವ ಹೆಸರು ಬಂದಿದ್ದು ಅದೇ ಐಸನ್ನು ಕೂಡಿಡುತ್ತಿದ್ದುದರಿಂದ. ಅಮೆರಿಕದ ದಕ್ಷಿಣದಲ್ಲಿ ಆ ಐಸ್ ಜ್ಯೂಲೆಪ್ ಲೋಟಕ್ಕೆ ಬಿತ್ತು.

ಆ ಕಾಲದ ಒಳ್ಳೆಯ ಜ್ಯೂಲೆಪ್‌ಗಳ ಹಿಂದೆ ಕರಿಯ ಜನರ ಕೈಗಳಿದ್ದವು. ವರ್ಜೀನಿಯಾದ ರಿಚ್‌ಮಂಡ್‌ನಲ್ಲಿ ಜಾನ್ ಡ್ಯಾಬ್ನಿ ಎನ್ನುವವರಿದ್ದರು, ಗುಲಾಮಗಿರಿಯಲ್ಲಿ ಹುಟ್ಟಿದವರು. 'ಹೈಲ್‌ಸ್ಟಾರ್ಮ್', ಅಂದರೆ ಆಲಿಕಲ್ಲು ಮಳೆ, ಅನ್ನುವ ಹೆಸರಿನ ಅವರ ಜ್ಯೂಲೆಪ್ ಊರೆಲ್ಲ ಮಾತಾಗಿತ್ತು. ಆ ದುಡಿಮೆಯಲ್ಲಿ ಉಳಿಸಿದ ದುಡ್ಡಿನಿಂದ ಅವರು ಹೆಂಡತಿಯ ಬಿಡುಗಡೆಯನ್ನು ಕೊಂಡರು. ಡರ್ಬಿ ದಿನದ ಟೋಪಿ, ಬೆಳ್ಳಿ ಲೋಟಗಳ ಫೋಟೋಗಳಲ್ಲಿ ಈ ಕಥೆ ಕಾಣುವುದಿಲ್ಲ. ಐಸ್ ಕುಟ್ಟುವಾಗಲೆಲ್ಲ ನನಗೆ ಅವರ ನೆನಪು ಬರುತ್ತದೆ.

ಈಗ ಕುಟ್ಟುವ ಕೆಲಸ. ಒಂದು ಲೋಟಕ್ಕೆ ಹೆಚ್ಚುಕಮ್ಮಿ ಒಂದು ಟ್ರೇ ಐಸ್ ಬೇಕು, ಹಿಂದಿನ ರಾತ್ರಿಯೇ ಇಟ್ಟುಕೊಳ್ಳಿ. ಒಗೆದು ಒಣಗಿಸಿದ ದಪ್ಪ ಹತ್ತಿ ಬಟ್ಟೆಯಲ್ಲಿ ಐಸ್ ಹಾಕಿ ಗಂಟು ಕಟ್ಟಿ, ಲಟ್ಟಣಿಗೆಯಿಂದ ಬಡಿಯಿರಿ. ಅಮೆರಿಕದ ಬಾರ್‌ಗಳಲ್ಲೂ ಇದಕ್ಕೆ ಕ್ಯಾನ್ವಾಸ್ ಚೀಲವೇ ಇದೆ. ಬಟ್ಟೆಯ ದೊಡ್ಡ ಗುಣ ಏನೆಂದರೆ, ಕರಗಿದ ನೀರನ್ನು ಅದೇ ಹೀರಿಕೊಳ್ಳುತ್ತದೆ, ಲೋಟಕ್ಕೆ ಬೀಳುವ ಐಸ್ ಒಣದಾಗಿರುತ್ತದೆ. ಮಿಕ್ಸಿಗೆ ಹಾಕಿದರೆ ಅರ್ಧ ನೀರು, ಅರ್ಧ ಕೆಸರು. ಕುಟ್ಟಿದ ಐಸ್ ಕಲ್ಲುಪ್ಪಿನ ಗಾತ್ರ ಇರಲಿ, ಅಲ್ಲಲ್ಲಿ ಕಡಲೆಕಾಳಿನಷ್ಟು ದಪ್ಪದ್ದು ಇದ್ದರೂ ಪರವಾಗಿಲ್ಲ. ಕುಟ್ಟಿದ ಮೇಲೆ ಒಂದು ಡಬ್ಬಿಯಲ್ಲಿ ಹಾಕಿ ಹತ್ತು ನಿಮಿಷ ಫ್ರೀಜರ್‌ಗೆ ಇಡಿ.

ಲೋಟ

ಕೆಂಟಕಿಯಲ್ಲಿ ಬೆಳ್ಳಿ ಅಥವಾ ಪ್ಯೂಟರ್ (ತವರದ ಮಿಶ್ರಲೋಹ) ಲೋಟದಲ್ಲಿ ಕುಡಿಯುತ್ತಾರೆ. ಲೋಹ ಬೇಗ ತಣ್ಣಗಾಗುತ್ತದೆ, ಹೊರಗೆ ಬಿಳಿ ಹಿಮದ ಪದರ ಕಟ್ಟುತ್ತದೆ. ನಮ್ಮ ಅಡುಗೆಮನೆಯಲ್ಲಿ ಲೋಹದ ಲೋಟಕ್ಕೇನು ಬರ, ಅಲ್ವಾ? 250 ರಿಂದ 300 ಮಿ.ಲೀ. ಹಿಡಿಸುವ ತೆಳು ಸ್ಟೀಲ್ ಲೋಟ ಸಾಕು. ಮನೆಯಲ್ಲಿ ಬೆಳ್ಳಿ ಲೋಟ ಇದ್ದರೂ, ದೇವರ ಮುಂದೆ ಇಡುವುದನ್ನು ಮುಟ್ಟಬೇಡಿ, ಮನೆಯ ಹಿರಿಯರಿಗೆ ಬೇಜಾರಾಗುತ್ತದೆ. ಗಾಜಿನ ಲೋಟದಲ್ಲಿ ರುಚಿ ಏನೂ ಕೆಡುವುದಿಲ್ಲ, ಹಿಮ ಮಾತ್ರ ಅಷ್ಟಾಗಿ ಕಟ್ಟುವುದಿಲ್ಲ.

ಮಾಡುವ ಕ್ರಮ

ಅರ್ಧ ಗಂಟೆ ಮೊದಲು ಲೋಟವನ್ನು ಫ್ರೀಜರ್‌ನಲ್ಲಿ ಇಡಿ.

ಲೋಟ ತೆಗೆದು ಎಂಟು ಹತ್ತು ಪುದೀನ ಎಲೆ, ಎರಡು ಟೀ ಚಮಚ ಪಾಕ ಹಾಕಿ. ಮರದ ಕಡಗೋಲಿನ ಹಿಡಿಯ ಕಡೆಯಿಂದ, ಅದಿಲ್ಲದಿದ್ದರೆ ಚಮಚದ ಬೆನ್ನಿನಿಂದ, ಎಲೆಗಳನ್ನು ಮೆತ್ತಗೆ ನಾಲ್ಕೈದು ಸಲ ಒತ್ತಿ. ಎಲೆ ಹರಿಯಬಾರದು. ಸುಕ್ಕಾಗಿ, ಬಣ್ಣ ಸ್ವಲ್ಪ ಗಾಢವಾದರೆ ಆಯಿತು, ನಿಲ್ಲಿಸಿ. ಆ ಎಲೆಗಳನ್ನೇ ಚಮಚದಿಂದ ಎತ್ತಿ ಲೋಟದ ಒಳಗೋಡೆಗೆಲ್ಲ ಒಂದು ಸಲ ಸವರಿ ಮತ್ತೆ ತಳಕ್ಕೆ ಬಿಡಿ. ಕೆಲವರು ಎಲೆ ತೆಗೆದುಬಿಡುತ್ತಾರೆ. ನಾನು ಬಿಡುತ್ತೇನೆ, ಐಸ್ ಕೆಳಗೆ ಅವು ಸುಮ್ಮನೆ ಇರುತ್ತವೆ.

60 ಮಿ.ಲೀ. ಬರ್ಬನ್ ಸುರಿಯಿರಿ. ನಮ್ಮ ಬಾರ್‌ಗಳಲ್ಲಿ 'ಸಿಕ್ಸ್ಟಿ' ಅನ್ನುವ ಅಳತೆ. ಕಣ್ಣಂದಾಜು ಬೇಡ, ಕೆಮ್ಮಿನ ಔಷಧಿಯ ಅಳತೆ ಮುಚ್ಚಳ ತೊಳೆದು ಬಳಸಿದರೂ ಆದೀತು.

ಲೋಟದ ಅರ್ಧಕ್ಕೆ ಐಸ್ ಪುಡಿ ಹಾಕಿ. ಉದ್ದ ಚಮಚದಿಂದ ಮೇಲೆ ಕೆಳಗೆ ಮಾಡುತ್ತಾ ಇಪ್ಪತ್ತು ಮೂವತ್ತು ಸೆಕೆಂಡು ಕಲಕಿ. ಲೋಟವನ್ನು ಮುಷ್ಟಿಯಲ್ಲಿ ಹಿಡಿಯಬೇಡಿ, ಅಂಚನ್ನಷ್ಟೇ ಎರಡು ಬೆರಳಲ್ಲಿ ಹಿಡಿಯಿರಿ. ಈಗ ಲೋಟದ ಹೊರಮೈ ನೋಡುತ್ತಿರಿ. ಮೊದಲು ಮಂಕಾಗುತ್ತದೆ, ಕನ್ನಡಿಗೆ ಉಸಿರು ಬಿಟ್ಟ ಹಾಗೆ. ಆಮೇಲೆ ತಳದಿಂದ ಬಿಳಿ ಪದರ ಮೆಲ್ಲಗೆ ಮೇಲೇರುತ್ತದೆ. ಉಗುರಿನಿಂದ ಗೀಚಿದರೆ ಗೆರೆ ಮೂಡುತ್ತದೆ. ನೀರಿಗೆ ಆಲ್ಕೋಹಾಲ್ ಮತ್ತು ಸಕ್ಕರೆ ಬೆರೆತಾಗ ಅದು ಹೆಪ್ಪುಗಟ್ಟುವ ಮಟ್ಟ ಸೊನ್ನೆಗಿಂತ ಕೆಳಗಿಳಿಯುತ್ತದೆ. ಹಾಗಾಗಿ ಐಸ್ ಕರಗುತ್ತಾ ಲೋಟವನ್ನು ಸೊನ್ನೆಗಿಂತ ತಣ್ಣಗೆ ಎಳೆಯುತ್ತದೆ, ಗಾಳಿಯಲ್ಲಿರುವ ತೇವ ಅಲ್ಲೇ ಹಿಮವಾಗುತ್ತದೆ. ಮಂಗಳೂರಿನಂಥ ಕರಾವಳಿಯ ಸೆಕೆಯಲ್ಲಿ ತೇವ ತುಂಬಾ ಇರುವುದರಿಂದ ಹಿಮಕ್ಕಿಂತ ನೀರಹನಿ ಜಾಸ್ತಿ. ಅದಕ್ಕೆ ಬೇಜಾರು ಬೇಡ, ಒಳಗಿರುವುದು ಅಷ್ಟೇ ತಣ್ಣಗಿರುತ್ತದೆ.

ಮತ್ತೆ ಐಸ್ ತುಂಬಿ. ಅಂಚಿನವರೆಗೆ ಅಲ್ಲ, ಅಂಚಿನ ಮೇಲೂ ಗುಡ್ಡೆ ಮಾಡಿ. ಐಸ್ ಗೋಲಾ ಮಾಡುವವರ ಹಾಗೆ ಅಂಗೈಯಲ್ಲಿ ಒತ್ತಿ ಗುಂಡಗೆ ಮಾಡಿ.

ಸ್ಟ್ರಾ ಚಿಕ್ಕದಾಗಿರಬೇಕು. ಐಸ್ ಗುಡ್ಡೆಯ ಮೇಲೆ ಎರಡು ಬೆರಳು ಅಗಲದಷ್ಟೇ ಕಾಣುವ ಹಾಗೆ ಕತ್ತರಿಸಿ ಸಿಕ್ಕಿಸಿ. ಪುದೀನ ಕುಡಿಗಳನ್ನು ಒಂದು ಕೈಯಲ್ಲಿ ಹಿಡಿದು ಇನ್ನೊಂದು ಅಂಗೈಗೆ ಒಂದೇ ಸಲ ಚಟ್ ಎಂದು ಬಡಿಯಿರಿ. ಕೋಣೆಯೆಲ್ಲ ಘಮ್ ಅನ್ನುತ್ತದೆ. ಅದನ್ನು ಸ್ಟ್ರಾ ಪಕ್ಕದಲ್ಲೇ ಸಿಕ್ಕಿಸಿ. ಕುಡಿಯಲು ಬಗ್ಗಿದಾಗ ಮೂಗು ಪುದೀನದೊಳಗೆ ಹೋಗಬೇಕು, ಬಾಯಿಗೆ ಬರ್ಬನ್, ಮೂಗಿಗೆ ತೋಟ. ಉದ್ದ ಸ್ಟ್ರಾ ಹಾಕಿದರೆ ಈ ಸುಖ ತಪ್ಪಿಹೋಗುತ್ತದೆ.

ಇಷ್ಟವಿದ್ದರೆ ಪುಡಿ ಸಕ್ಕರೆಯನ್ನು ಜಾಲರಿಯಲ್ಲಿ ಎಲೆ ಮೇಲೆ ಉದುರಿಸಿ. ನೋಡಲು ಚೆಂದ, ಅಷ್ಟೇ. ಎರಡು ನಿಮಿಷ ಬಿಟ್ಟು ಕುಡಿಯಿರಿ, ಮೊದಲ ಗುಟುಕಿನ ಖಾರ ಅಷ್ಟರಲ್ಲಿ ಮೆತ್ತಗಾಗಿರುತ್ತದೆ.

ಸರಿ ಬರದಿದ್ದರೆ

ಕಹಿಯಾದರೆ ಪುದೀನ ಜಜ್ಜಿದ್ದೀರಿ, ಇಲ್ಲವೇ ಬಲಿತ ಎಲೆ ಹಾಕಿದ್ದೀರಿ. ಬೇಗ ನೀರಾದರೆ ಐಸ್ ಒದ್ದೆಯಿತ್ತು, ಅಥವಾ ಕಡಿಮೆ ಹಾಕಿದ್ದೀರಿ. ಐಸ್ ಜಾಸ್ತಿ ಇದ್ದಷ್ಟೂ ನಿಧಾನವಾಗಿ ಕರಗುತ್ತದೆ, ಜನ ಉಲ್ಟಾ ತಿಳಿಯುತ್ತಾರೆ. ಸಿಹಿ ಜಾಸ್ತಿಯಾದರೆ ಸ್ವಲ್ಪ ಕಾಯಿರಿ, ಕರಗುವ ಐಸೇ ಸರಿಮಾಡುತ್ತದೆ. ನಿಂಬೆರಸ ಹಿಂಡುವ ಆಸೆಯಾದರೆ ತಡೆದುಕೊಳ್ಳಿ. ಅದು ಚೆನ್ನಾಗೇ ಇರುತ್ತದೆ, ಆದರೆ ಬೇರೆ ಪಾನೀಯವಾಗುತ್ತದೆ.

ಹತ್ತು ಹನ್ನೆರಡು ಜನ ಬಂದರೆ

ಒಂದೊಂದು ಲೋಟಕ್ಕೂ ಎಲೆ ಒತ್ತುತ್ತಾ ಕೂತರೆ ಮಾತಾಡಲು ಯಾರೂ ಸಿಗುವುದಿಲ್ಲ. ಹಿಂದಿನ ದಿನ ಪಾಕ ಇಳಿಸಿದ ತಕ್ಷಣ ಒಂದು ಹಿಡಿ ಪುದೀನ ಕುಡಿ ಅದರಲ್ಲಿ ಮುಳುಗಿಸಿ, ಇಪ್ಪತ್ತು ನಿಮಿಷ ಮುಚ್ಚಿಟ್ಟು ಸೋಸಿ. ಹಿಂಡಬೇಡಿ. ತಣ್ಣಗಾದ ಮೇಲೆ ಆ ಪಾಕ 120 ಮಿ.ಲೀ., ಬರ್ಬನ್ 720 ಮಿ.ಲೀ. ಬೆರೆಸಿ ಫ್ರಿಜ್ಜಿನಲ್ಲಿಡಿ. ಹನ್ನೆರಡು ಜನಕ್ಕೆ, ತಲೆಗೆ 70 ಮಿ.ಲೀ. ಬರುತ್ತದೆ. ಬಂದವರಿಗೆ ಐಸ್ ತುಂಬಿ, ಸುರಿದು, ಕುಡಿ ಸಿಕ್ಕಿಸಿ ಕೊಟ್ಟರಾಯಿತು. ಕುಡಿ ಮಾತ್ರ ಕೊಡುವ ಹೊತ್ತಿಗೆ ತಾಜಾ ಇರಬೇಕು.

ಕುಡಿಯದವರೂ ಇರುತ್ತಾರೆ, ಅವರ ಕೈಗೆ ಅಂಗಡಿಯ ಸೋಡಾ ಬಾಟಲಿ ಕೊಡುವುದು ನನಗೆ ಸರಿ ಕಾಣುವುದಿಲ್ಲ. ಅವರಿಗೂ ಇದೇ ಲೋಟ, ಇದೇ ಐಸ್, ಇದೇ ಪುದೀನ ಕುಡಿ. ಬರ್ಬನ್ ಬದಲು ಹಾಲಿಲ್ಲದ ಕಡುಚಹಾ ಆರಿಸಿ 60 ಮಿ.ಲೀ., ಪಾಕದ ಬದಲು ಸೊಗದೆ ಬೇರಿನ ಶರಬತ್ತು ಮೂರು ಟೀ ಚಮಚ. ಸೊಗದೆ ಬೇರಿನ ಘಮ ವೆನಿಲ್ಲಾದ ಹತ್ತಿರದ ನೆಂಟ, ಚಹಾದ ಒಗರು ಓಕ್ ಪೀಪಾಯಿಯ ಒಗರನ್ನು ನೆನಪಿಸುತ್ತದೆ. ನಮ್ಮ ಮನೆಯಲ್ಲಿ ಇದನ್ನು ಕೇಳಿ ಮಾಡಿಸಿಕೊಳ್ಳುವವರೇ ಈಗ ಜಾಸ್ತಿ.

ಜ್ಯೂಲೆಪ್ ತಣ್ಣಗೆ, ಸಿಹಿಯಾಗಿ ಇಳಿಯುವುದರಿಂದ ಅದರ ತೀಕ್ಷ್ಣತೆ ಗೊತ್ತಾಗುವುದಿಲ್ಲ. 45%ರ 60 ಮಿ.ಲೀ. ಬರ್ಬನ್ನಿನಲ್ಲಿ ಸುಮಾರು 21 ಗ್ರಾಂ ಆಲ್ಕೋಹಾಲ್ ಇರುತ್ತದೆ. ಅಮೆರಿಕದಲ್ಲಿ ಒಂದು ಡ್ರಿಂಕ್ ಅಂತ ಎಣಿಸುವುದು 14 ಗ್ರಾಂ. ಅಂದರೆ ಒಂದು ಜ್ಯೂಲೆಪ್ ಅಲ್ಲಿನ ಒಂದೂವರೆ ಡ್ರಿಂಕಿಗೆ ಸಮ. ಮುಕ್ಕಾಲು ಗಂಟೆ ಹಿಡಿಯಲಿ ಒಂದು ಲೋಟಕ್ಕೆ. ಜೊತೆಗೆ ಹುರಿದ ಕಡಲೆಬೀಜ, ಕೋಡುಬಳೆ ಏನಾದರೂ ಇರಲಿ. ಕುಡಿದವರು ಗಾಡಿ ಮುಟ್ಟಬಾರದು. ಭಾರತದಲ್ಲಿ ಗಾಡಿ ಓಡಿಸುವವರ ರಕ್ತದಲ್ಲಿ ಆಲ್ಕೋಹಾಲ್ ಮಿತಿ 100 ಮಿ.ಲೀ.ಗೆ 30 ಮಿಲಿಗ್ರಾಂ, ಒಂದೇ ಜ್ಯೂಲೆಪ್ ಅದನ್ನು ದಾಟಿಸಬಹುದು. ಬರುವವರಿಗೆ ಮೊದಲೇ ಹೇಳಿ, ಕ್ಯಾಬ್‌ನಲ್ಲಿ ಬರಲಿ.

ಎಲ್ಲ ಮುಗಿದ ಮೇಲೆ ಎಲೆ ಕಿತ್ತ ದಂಟುಗಳು ಉಳಿಯುತ್ತವೆ, ಎಸೆಯಬೇಡಿ. ಗಟ್ಟಿಯಾದ ನಾಲ್ಕೈದು ದಂಟು ಆರಿಸಿ, ಒಂದು ಲೋಟ ನೀರಲ್ಲಿ ಕಿಟಕಿ ಪಕ್ಕ ನಿಲ್ಲಿಸಿ. ಎರಡು ದಿನಕ್ಕೊಮ್ಮೆ ನೀರು ಬದಲಿಸಿ. ವಾರ ಹತ್ತು ದಿನದಲ್ಲಿ ಗೆಣ್ಣಿನಿಂದ ಬಿಳಿ ಬೇರು ಇಳಿಯುತ್ತದೆ. ಆಗ ಅಗಲವಾದ ಕುಂಡದಲ್ಲಿ ನೆಡಿ. ಬೇರೆ ಗಿಡದ ಜೊತೆ ಬೇಡ, ಪುದೀನ ಜಾಗವನ್ನೆಲ್ಲ ತಾನೇ ಹಿಡಿಯುತ್ತದೆ.